ಬಸಿದ ನೀರು

ಎಮ್ಮೆಯ ಕೆಚ್ಚಲಿಗೆ ಕೈ ಹಾಕಿದ ಕೆಂಪವ್ವ ಹಾಗೇ ಕೂತುಬಿಟ್ಟಿದ್ದಳು. ಚರಿಗೆಯಲ್ಲಿ ನಾಲ್ಕು ಹನಿ ಹಾಲೂ ಬಿದ್ದಿರಲಿಲ್ಲ.

"ಸುಜಾತಾ, ಬಾ ಇಲ್ಲೆ. ಕೈಬೊಟ್ಟು ಮಡಚಾಕ ಬರವಲ್ದು ನನಗ."

ಸೊಸೆ ಸುಜಾತಾ ಒಲೆ ಆರಿಸಿ ದನದ ಕೊಟ್ಟಿಗೆಗೆ ಓಡಿದಳು. ರಟ್ಟೆ ಹಿಡಿದು ಎಬ್ಬಿಸಿದರೆ ಅತ್ತೆಯ ಕಾಲುಗಳು ನಿಲ್ಲಲಿಲ್ಲ. ಎದೆಯ ಮೇಲೆ ಅಂಗೈ ಇಟ್ಟು ನೋಡಿದಳು. ಬಡಿತ ಒಮ್ಮೆ ಓಡುತ್ತಿತ್ತು, ಒಮ್ಮೆ ತಡೆಯುತ್ತಿತ್ತು.

ಗಂಡ ಮಹಾದೇವ ಕುರಿಗಳನ್ನು ಹೊಡೆದುಕೊಂಡು ರಾಯಬಾಗದ ಕಡೆ ಹೋಗಿ ನಾಲ್ಕು ದಿನವಾಗಿತ್ತು. ಫೋನು ಹತ್ತಲಿಲ್ಲ. ಪಕ್ಕದ ಮನೆಯ ಮಾಳೇಶ ತನ್ನ ಟಂಟಂ ಗಾಡಿಯನ್ನು ಅಂಗಳಕ್ಕೇ ತಂದು ನಿಲ್ಲಿಸಿದ. ಮುದುಕಿಯನ್ನು ಕೌದಿಯಲ್ಲಿ ಎತ್ತಿ ಮಲಗಿಸಿದರು. ಅಂಕಲಿಯಲ್ಲಿದ್ದ ನಾದಿನಿ ಅನುಸೂಯಾಗೆ ಸುಜಾತಾ ದಾರಿಯಲ್ಲೇ ಫೋನು ಮಾಡಿದಳು. "ಚಿಕ್ಕೋಡಿ ದವಾಖಾನಿಗೆ ಬಾ. ನಿಮ್ಮವ್ವಗ ಆರಾಮಿಲ್ಲ."

ಕೆಂಪವ್ವನ ಮೂತ್ರಪಿಂಡ ಸೋತಿದೆಯೆಂದು ಗೊತ್ತಾಗಿ ಹದಿನೈದು ದಿನವಷ್ಟೇ ಆಗಿತ್ತು. ಅಂದು ಇದೇ ದವಾಖಾನೆಯಲ್ಲಿ ಶೀತಲ ಎಂಬ ನರ್ಸ್ ಪಥ್ಯದ ಹಾಳೆಯೊಂದನ್ನು ಕೊಟ್ಟಿದ್ದಳು.

"ಕನ್ನಡದ್ದು, ಮರಾಠಿದು ಎರಡೂ ಮುಗದಾವ್ರಿ. ಇದು ಇಂಗ್ಲಿಷಿಂದು. ಓದಾಕ ಬರತೈತೇನು? ಇಲ್ಲಾಂದ್ರ ಕುಂಡ್ರಿ, ನಾನ ತಿಳಿಸಿ ಹೇಳ್ತೀನಿ."

ಸುಜಾತಾ ಬಾಯಿ ತೆರೆಯುವ ಮುಂಚೆ ಕೆಂಪವ್ವ ಹೇಳಿದ್ದಳು: "ನಮ್ಮ ಸೊಸಿ ಹತ್ತನೆತ್ತೆ ಪಾಸಾಗ್ಯಾಳ್ರಿ. ಎಲ್ಲಾ ಓದತಾಳ."

ಸಾಲಿನಲ್ಲಿ ಹಿಂದೆ ಹತ್ತು ಮಂದಿ ನಿಂತಿದ್ದರು. ತಮ್ಮೂರು ಕರೋಶಿಯವರೇ ಇಬ್ಬರಿದ್ದರು. ಸುಜಾತಾ ಹೂಂ ಎಂದು ತಲೆಯಾಡಿಸಿ ಹಾಳೆ ಮಡಚಿಕೊಂಡಿದ್ದಳು.

ಮನೆಗೆ ಬಂದು ಒಂದೊಂದೇ ಅಕ್ಷರ ಕೂಡಿಸಿ ಓದಿದಳು. ಪೀಲ್ ಗೊತ್ತಿತ್ತು, ನಿಪ್ಪಾಣಿಯಲ್ಲಿ ಕೊಂಡ ಪೀಲರ್ ಮನೆಯಲ್ಲಿತ್ತು. ಚಾಪ್ ಗೊತ್ತಿತ್ತು. ಬಾಯಿಲ್ ಯಾರಿಗೆ ಗೊತ್ತಿಲ್ಲ? ಸೋಕ್ ಎಂಬುದನ್ನು ತೊಳೆಯುವುದು ಎಂದುಕೊಂಡಳು. ಡ್ರೇನ್ ಬಂದಾಗ ನಗು ಬಂತು. ಡ್ರೇನೇಜ್ ಎಂದರೆ ಓಣಿಯ ಗಟಾರ, ಅದಕ್ಕೂ ಬಟಾಟಿ ಪಲ್ಯಕ್ಕೂ ಏನು ಸಂಬಂಧ? ಮೋರಿ ಸ್ವಚ್ಛ ಇಟ್ಟುಕೊಳ್ಳಿ ಎಂದಿರಬೇಕು ಎನಿಸಿತು. ಕಡೆಯಲ್ಲಿದ್ದ ಡಿಸ್ಕಾರ್ಡ್ ವಾಟರ್ ಎಂಬುದರಲ್ಲಿ ವಾಟರ್ ಒಂದೇ ತಿಳಿಯಿತು. ಮರುದಿನ ಶೀತಲಗೆ ಫೋನು ಮಾಡಿ ಕೇಳಬೇಕೆಂದುಕೊಂಡಳು. ಕೆಂಪವ್ವ ಪಕ್ಕದಲ್ಲೇ ಇರುತ್ತಿದ್ದಳು, ಕೇಳಲಾಗಲಿಲ್ಲ.

ಉಪ್ಪು ಕಡಿಮೆಯಾದ ಮೇಲೆ ಅತ್ತೆಗೆ ಊಟ ಸೇರದಾಯಿತು. ಸುಜಾತಾ ಬಟಾಟಿ, ಪಾಲಕ, ನುಗ್ಗೆ ಕುದಿಸಿದ ನೀರಿಗೆ ಜೀರಿಗೆ, ಬಳ್ಳೊಳ್ಳಿ ಒಗ್ಗರಣೆ ಕೊಟ್ಟು ಸಾರು ಮಾಡಿದಳು. ಸತ್ವವೆಲ್ಲ ಅದರಲ್ಲೇ ಇರುತ್ತದೆಂದು ಅವಳ ನಂಬಿಕೆ. ಕೆಂಪವ್ವ ಎರಡೂ ಹೊತ್ತು ಬಟ್ಟಲು ತುಂಬ ಕುಡಿದಳು.

ದವಾಖಾನೆಯ ಬಾಗಿಲಲ್ಲಿ ಅನುಸೂಯಾ ಆಗಲೇ ಕಾಯುತ್ತಿದ್ದಳು. ಕೆಂಪವ್ವನನ್ನು ಒಳಗೆ ಒಯ್ದು ಎದೆಗೆ ವಾಯರು ಹಚ್ಚಿದರು. ಡಾಕ್ಟರ್ ಧರಣೇಂದ್ರ ಇಸಿಜಿ ಕಾಗದವನ್ನು ಎರಡು ಸಲ ನೋಡಿದರು.

"ಪೊಟ್ಯಾಶಿಯಂ ಏರಿದಂಗ ಕಾಣತೈತಿ. ಕಾಯಿಪಲ್ಲೆ ಹೆಂಗ ಮಾಡ್ತೀರಿ?"

"ಹಾಳಿಯಾಗ ಬರದಂಗನ ಮಾಡತಾಳ್ರಿ ನಮ್ಮ ವೈನಿ. ಒಂದ ಗೆರಿ ತಪ್ಪೂದಿಲ್ಲ," ಎಂದಳು ಅನುಸೂಯಾ, ಅತ್ತಿಗೆಯ ಕಡೆ ಕೈ ತೋರಿಸಿ.

"ಕುದಿಸಿದ ನೀರು ಬಸದು ಚೆಲ್ತೀರಲ್ಲಾ? ಪೊಟ್ಯಾಶಿಯಂ ಎಲ್ಲಾ ಆ ನೀರಾಗ ಇಳದಿರತೈತಿ."

"ಹೌದ್ರಿ, ಚೆಲ್ತಾಳ್ರಿ."

ಡ್ರೇನ್, ಡಿಸ್ಕಾರ್ಡ್ ಎರಡರ ಅರ್ಥವೂ ಸುಜಾತಾಗೆ ಆಗ ಹೊಳೆಯಿತು. ಬಸಿಯುವುದು, ಚೆಲ್ಲುವುದು. ಹಾಳೆಯ ಕಡೆಯ ಎರಡು ಮಾತು ಅವೇ ಆಗಿದ್ದವು.

ಡಾಕ್ಟರ್ ಹಣೆ ಉಜ್ಜಿಕೊಂಡರು. "ಪಥ್ಯ ಸರಿ ಐತಿ ಅಂದ್ರ ಎಲ್ಲಿಂದ ಏರಬೇಕು? ಶೀತಲ, ವಾಯರು ಸರಿ ಹತ್ತಿಲ್ಲೇನೋ. ಇನ್ನೊಮ್ಮೆ ಇಸಿಜಿ ತಗೀರಿ. ರಕ್ತದ ರಿಪೋರ್ಟ್ ಬರೂತನಕಾ ನೋಡೂಣು."

ಶೀತಲ ವಾಯರು ಬಿಚ್ಚತೊಡಗಿದಳು. ಮಂಚದ ಮೇಲೆ ಕೆಂಪವ್ವನ ತುಟಿ ಬೂದಿ ಬಣ್ಣಕ್ಕೆ ತಿರುಗಿತ್ತು. ಈಗ ಬಾಯಿ ಬಿಟ್ಟರೆ ನಾದಿನಿಯೆದುರು, ಗಂಡನೆದುರು, ಊರಿನೆದುರು ಅತ್ತೆಗೆ ವಿಷ ಹಾಕಿದವಳಾಗುತ್ತೇನೆ ಎನಿಸಿತು ಸುಜಾತಾಗೆ. ಬಿಡದಿದ್ದರೆ? ಅತ್ತೆಯ ಬೆರಳು ಹಾಸಿಗೆಯ ಅಂಚನ್ನು ಹಿಡಿಯಲು ನೋಡಿ ಜಾರಿತು.

"ಚೆಲ್ಲಿಲ್ರಿ," ಎಂದಳು.

ಯಾರಿಗೂ ಕೇಳಿಸಲಿಲ್ಲ. ಅವಳು ಡಾಕ್ಟರರ ಎದುರಿಗೇ ಹೋಗಿ ನಿಂತಳು.

"ನೀರು ಚೆಲ್ಲಿಲ್ರಿ ಸಾಹೇಬ್ರ. ಅದರದ ಸಾರು ಮಾಡಿ ಕುಡಸೀನಿ, ಹದಿನೈದು ದಿನ, ಎರಡೂ ಹೊತ್ತು. ಬಟಾಟಿದು, ಪಾಲಕದ್ದು. ನನಗ ಆ ಇಂಗ್ಲಿಷ್ ತಿಳೀಲಿಲ್ರಿ. ತಿಳೀತೈತಿ ಅಂತ ಸುಳ್ಳ ಹೇಳಿದ್ನಿ."

ಡಾಕ್ಟರ್ ಬೈಯಲಿಲ್ಲ, ಬೈಯಲು ನಿಲ್ಲಲೂ ಇಲ್ಲ. "ಕ್ಯಾಲ್ಸಿಯಂ ಇಂಜೆಕ್ಷನ್ ತಗೀರಿ, ಈಗಿಂದೀಗ. ಡಯಾಲಿಸಿಸ್‌ಗೆ ರೆಡಿ ಮಾಡ್ರಿ," ಎನ್ನುತ್ತ ತಾವೇ ಮಂಚ ದೂಡಿದರು. ಬಾಗಿಲು ಮುಚ್ಚಿಕೊಂಡಿತು.

ಹೊರಗಿನ ಬೆಂಚಿನ ಮೇಲೆ ಅನುಸೂಯಾ ದೂರ ಸರಿದು ಕೂತಳು. "ಒಂದ ಮಾತು ಕೇಳಿದ್ರ ನಿನ್ನ ಗಂಟು ಏನ್ ಹೋಗತಿತ್ತು ವೈನಿ?" ಎಂದಳು. ಹತ್ತು ಗಂಟೆಯಾಯಿತು, ಹನ್ನೊಂದಾಯಿತು. ಬಾಗಿಲು ತೆರೆದಾಗಲೆಲ್ಲ ಇಬ್ಬರೂ ಏಳುತ್ತಿದ್ದರು. ಬರುತ್ತಿದ್ದವರು ಬೇರೆ ರೋಗಿಗಳ ಮಂದಿ.

ಮಧ್ಯಾಹ್ನ ಎರಡರ ಸುಮಾರಿಗೆ ಡಾಕ್ಟರ್ ಹೊರಬಂದರು. "ಪಾರಾದ್ರು. ಇನ್ನೊಂದು ತಾಸು ತಡ ಆಗಿದ್ರ ಕಷ್ಟ ಇತ್ತು." ಸುಜಾತಾಳ ಕಡೆ ತಿರುಗಿ, "ನೀವು ಹೇಳಿದ್ದು ಚಲೋ ಆತು," ಎಂದಷ್ಟೇ ಹೇಳಿ ಮುಂದೆ ಹೋದರು. ಅನುಸೂಯಾ ಸೆರಗಿನಲ್ಲಿ ಮುಖ ಮುಚ್ಚಿ ಅತ್ತಳು. ಆದರೆ ವೈನಿಯ ಕಡೆ ತಿರುಗಿ ನೋಡಲಿಲ್ಲ.

ಸಂಜೆ ಕೆಂಪವ್ವ ಕಣ್ಣು ಬಿಟ್ಟಾಗ ಸುಜಾತಾ ಎಲ್ಲವನ್ನೂ ಹೇಳಿದಳು. ತಾನು ಪಾಸಾಗಿದ್ದು ಎರಡನೇ ಸಲಕ್ಕೆ, ಅದೂ ಇಂಗ್ಲಿಷಿನಲ್ಲಿ ದಡ ಮುಟ್ಟುವಷ್ಟೇ ಅಂಕದಿಂದ ಎಂಬುದನ್ನೂ ಬಿಡಲಿಲ್ಲ.

"ಮಂದಿ ಮುಂದ ನಾನ ಹಂಗ ಅಂದ್ನೆಲ್ಲ," ಎಂದಳು ಮುದುಕಿ. "ನಿನಗ ಬಾಯಿ ತಗಿಯಾಕ ಎಲ್ಲಿ ಬಿಟ್ನಿ."

ಆಗ ಶೀತಲ ಬಂದಳು. ವಾರ್ಡಿನಲ್ಲಿ ಇನ್ನೂ ಆರು ಮಂಚಗಳಿದ್ದವು, ಎಲ್ಲ ಮಂಚಗಳ ಸುತ್ತ ಜನ. ಸುಜಾತಾ ಎದ್ದು ನಿಂತು, ಎಲ್ಲರಿಗೂ ಕೇಳುವಂತೆ, "ಸಿಸ್ಟರ್, ಒಂದ ಪೆನ್ನು ಕೊಡ್ರಿ. ಆ ಹಾಳಿಯಾಗಿಂದು ಮದಲಿಂದ ಒಂದೊಂದ ಹೇಳ್ಕೊಂತ ಹೋಗ್ರಿ, ಬರಕೋತೀನಿ," ಎಂದಳು.

ಶೀತಲ ಮಂಚದ ಅಂಚಿಗೆ ಕೂತು ಶುರುಮಾಡಿದಳು. ಪಕ್ಕದ ಮಂಚದ ಹೆಂಗಸೊಬ್ಬಳು ತನ್ನ ಹಾಳೆಯನ್ನೂ ತೆಗೆದುಕೊಂಡು ಹತ್ತಿರ ಬಂದು ನಿಂತಳು.