ಅಗುಳಿ ಹಾಕಿದ ಬಾಗಿಲು

ಅಪ್ಪನ ಶವಪೆಟ್ಟಿಗೆಯ ಮುಂದೆ ಹೂವಿಟ್ಟು ನಾಲ್ಕು ಮಾತಾಡಲು ಹೊರಟಿದ್ದ ಅವನ ಹಳೆಯ ಗೆಳೆಯ ಒಲವಿಯ ಕೋಟಿನ ತೋಳನ್ನು ಕೈಸು ಹಿಡಿದು ನಿಲ್ಲಿಸಿದಳು.

"ಆ ಮಾತೊಂದು ಬೇಡ ಒಲವಿ. ಇವತ್ತೊಂದಿನ ಅಪ್ಪನ್ನ ಬಿಟ್ಬಿಡಿ."

"ಆ ಮಾತಿಂದ್ಲೇ ಅಲ್ವೇನಮ್ಮ ನಿಮ್ಮನೆ ಒಲೆ ಉರಿದಿದ್ದು?"

ಸುಳ್ಳಲ್ಲ. ಅವಳಪ್ಪ ಆರ್ವೊ ಎಷ್ಟೋ ಚಿತ್ರಕತೆ ಬರೆದ, ಎಷ್ಟೋ ಪಾತ್ರ ಮಾಡಿದ. ಜನ ನೆನಪಿಟ್ಟುಕೊಂಡದ್ದು ಒಂದೇ ದೃಶ್ಯ. ಕುಡುಕ ಅಪ್ಪನಾಗಿ ಅವನು ಹಿಮದಲ್ಲಿ ನಿಂತು ಬಾಗಿಲು ಬಡಿಯುತ್ತಾನೆ: "ಬಾಗಿಲು ತೆಗೀರಪ್ಪ. ನಾನು ಕರಡಿ ಅಲ್ಲ, ನಿಮ್ಮಪ್ಪ." ಬಾಗಿಲು ತೆರೆದೊಡನೆ ಹಾಲಿನ ಬಕೆಟ್ಟಿನೊಳಗೆ ಮುಖ ಕೆಳಗಾಗಿ ಬೀಳುತ್ತಾನೆ. ಆಮೇಲೆ ಸಂತೆಯಲ್ಲಿ, ದೋಣಿಯಲ್ಲಿ, ಎಲ್ಲಿ ಸಿಕ್ಕರೂ ಜನ ಅದನ್ನೇ ಹೇಳಿಸಿದರು. ಕೊನೆಗೆ ಆಸ್ಪತ್ರೆಯ ನರ್ಸ್ ಕೂಡ ಕೇಳಿದಳು. ಆರ್ವೊ ಉಸಿರು ಕೂಡಿಸಿಕೊಂಡು ಹೇಳಿ, ಗೋಡೆಯ ಕಡೆ ಹೊರಳಿದ. ಕೈಸು ಪಕ್ಕದಲ್ಲೇ ಇದ್ದಳು.

ಒಲವಿ ಗೊಣಗುತ್ತಲೇ ಹೂವಿಟ್ಟು, ತಲೆಬಾಗಿ, ಹಿಂದೆ ಸರಿದ. ಮುಂದಿನ ಬೆಂಚಿನಲ್ಲಿ ಆರ್ವೊನ ಅಕ್ಕ ಹಿಲ್ಯಾ ಊರುಗೋಲು ಹಿಡಿದು ಕೂತಿದ್ದಳು.

* * *

ಆರ್ವೊ ಬರೆದದ್ದರಲ್ಲಿ ಬಕೆಟ್ಟೇ ಇರಲಿಲ್ಲ.

ಅವನೂ ಹಿಲ್ಯಾಳೂ ಚಿಕ್ಕವರಿದ್ದಾಗಿನ ಚಳಿಗಾಲ. ಅಪ್ಪನ ಏಟು ತಿಂದು ತಿಂದು ಸಾಕಾಗಿದ್ದ ಅಮ್ಮ, ಇವತ್ತು ಕುಡಿದು ಬಂದರೆ ಬಾಗಿಲು ತೆಗೆಯಕೂಡದು ಎಂದು ಹಿಲ್ಯಾಳ ಕೈಯಲ್ಲೇ ಅಗುಳಿ ಹಾಕಿಸಿದ್ದಳು. ಅಪ್ಪ ಬಂದ, ಬಡಿದ. ಆಮೇಲೆ ಮಕ್ಕಳನ್ನು ಪುಸಲಾಯಿಸುವ ದನಿಯಲ್ಲಿ ಅದೇ ಮಾತು ಹೇಳಿದ. ಮಕ್ಕಳಿಬ್ಬರೂ ಕಂಬಳಿಯೊಳಗೆ ಕಿಸಕ್ಕೆಂದು ನಕ್ಕರು. ದನಿ ನಿಂತಿತು. ಬೆಳಗ್ಗೆ ನೂಕಿದರೆ ಬಾಗಿಲು ಅಲ್ಲಾಡಲಿಲ್ಲ. ಅಪ್ಪ ಅದಕ್ಕೇ ಒರಗಿ ಕೂತಲ್ಲೇ ಹೆಪ್ಪುಗಟ್ಟಿದ್ದ.

ಆರ್ವೊ ಇದ್ದದ್ದು ಇದ್ದ ಹಾಗೆ ಬರೆದ. ಜನ ದುಡ್ಡು ಕೊಟ್ಟು ಅಳೋಕೆ ಬರ್ತಾರೇನಯ್ಯ ಎಂದು ನಿರ್ಮಾಪಕ ಬಕೆಟ್ಟು ತರಿಸಿದ. ಹೆಂಡತಿ ಬಸುರಿ, ದುಡ್ಡು ಬೇಕಿತ್ತು, ಆರ್ವೊ ಒಪ್ಪಿ ಅಪ್ಪನ ವೇಷ ಹಾಕಿದ. ಕಾಯಾನಿ ಪಟ್ಟಣದ ಥಿಯೇಟರಿನಲ್ಲಿ ಜನ ಬಿದ್ದು ಬಿದ್ದು ನಗುವಾಗ ಹಿಲ್ಯಾ ನಡುವೆಯೇ ಎದ್ದು ಬಂದಳು. ಆ ಬಗ್ಗೆ ತಮ್ಮನ ಹತ್ತಿರ ಯಾವತ್ತೂ ಮಾತೆತ್ತಲಿಲ್ಲ.

* * *

ಆರು ಗಂಡಸರು ಪೆಟ್ಟಿಗೆ ಎತ್ತಿದರು. ಚಳಿಗೆಂದು ಪ್ರಾರ್ಥನಾಮಂದಿರದ ಬಾಗಿಲಿಗೆ ಅಗುಳಿ ಹಾಕಿತ್ತು, ಅದರೆದುರು ನಿಲ್ಲಬೇಕಾಯಿತು. ಪೆಟ್ಟಿಗೆಯ ಮುಂದಿನ ಹಿಡಿ ಹಿಡಿದಿದ್ದವನು ಒಲವಿ. ಅವನ ನಾಲಿಗೆ ತಡೆಯಲಿಲ್ಲ.

"ಬಾಗಿಲು ತೆಗೀರಪ್ಪ. ನಾನು ಕರಡಿ ಅಲ್ಲ, ನಿಮ್ಮಪ್ಪ."

ಬೆಂಚಿನಿಂದ ಬೆಂಚಿಗೆ ನಗು ಹರಿಯಿತು. ಕೈಸು ಕಣ್ಣು ಮುಚ್ಚಿಕೊಂಡಳು.

ಹಿಲ್ಯಾ ಎದ್ದಳು. ಊರುಗೋಲು ಬೆಂಚಿನಲ್ಲೇ ಉಳಿಯಿತು. ಓಡಿಬಂದ ಕಾವಲುಗಾರನನ್ನು ಪಕ್ಕಕ್ಕೆ ಸರಿಸಿ, ಎರಡೂ ಕೈಯಲ್ಲಿ ಅಗುಳಿ ಎಳೆದಳು.

"ತೆಗ್ದಿದೀನಿ, ಬಾರಪ್ಪ," ಎಂದಳು. "ಚಳಿ ಬಹಳ ಇದೆ."

ನಗು ಅಲ್ಲಿಗೇ ನಿಂತಿತು. ಪೆಟ್ಟಿಗೆ ಹೊರಟಿತು, ಅದರ ಹಿಂದೆ ಜನ. ಒಳಗೆಲ್ಲ ಹಿಮ ನುಗ್ಗುತ್ತಿದೆ, ಮುಚ್ಚಬೇಕು ಎಂದು ಕಾವಲುಗಾರ ಬೇಡಿಕೊಂಡ. ತೆರೆದ ಬಾಗಿಲಿಗೆ ಬೆನ್ನು ಕೊಟ್ಟು ನಿಂತಿದ್ದ ಮುದುಕಿ ಅಲ್ಲಾಡಲಿಲ್ಲ.