ಹದಿಮೂರನೆಯ ಬೆಟ್ಟ

ಯಾವ ಬೆಟ್ಟದ ಹೆಸರು ಹೇಳುವುದು? ತನ್ನದನ್ನೇ ಹೇಳಿದರೆ, ಅದು ನಿನ್ನದೆಂದು ಯಾರು ಹೇಳಿದರು ಎಂದು ಕೇಳುತ್ತಾರೆ. ಬೇರೆ ಯಾವುದನ್ನಾದರೂ ಹೇಳಿದರೆ ಸುಳ್ಳಾಗುತ್ತದೆ. ಹೇಳದೆ ಸುಮ್ಮನಿದ್ದುಬಿಟ್ಟರೆ? ಬೆಟ್ಟ ಹೇಳದೆ ಎದ್ದುನಿಂತು ಮಾತಾಡಿದವನನ್ನು ರೇವಿ ಇವತ್ತಿನವರೆಗೆ ಕಂಡಿರಲಿಲ್ಲ.

ವ್ಯಾನು ರೊಟೊರುವಾ ಊರನ್ನೂ ಅದರ ಗಂಧಕದ ವಾಸನೆಯನ್ನೂ ಹಿಂದೆ ಬಿಟ್ಟು ಪೈನ್ ತೋಪುಗಳ ನಡುವೆ ಓಡುತ್ತಿತ್ತು. ಓಡಿಸುತ್ತಿದ್ದವಳು ಮಾತೆರೋವಾ, ರೇವಿಯ ತಾಯಿಯ ತಂಗಿ. ವ್ಯಾನೂ ಅವಳದೇ, ಕಸುಬೂ ಅವಳದೇ. ಬೆಳಿಗ್ಗೆ ಹೋಟೆಲುಗಳ ಬಾಗಿಲಲ್ಲಿ ಪ್ರವಾಸಿಗರನ್ನು ಹತ್ತಿಸಿಕೊಂಡು, ಹಗಲೆಲ್ಲ ಆ ನಾಡಿನ ಮೂಲನಿವಾಸಿಗಳಾದ ತಮ್ಮ ಮಾವೋರಿ ಜನರ ನಡೆನುಡಿ ತೋರಿಸಿ, ಸಂಜೆಯೊಳಗೆ ಮರಳಿ ಬಿಡುವುದು. ವೆಲಿಂಗ್ಟನ್ನಿನಲ್ಲಿ ಮಾವೋರಿ ಭಾಷೆ ಓದಿ ಪದವಿ ಪಡೆದು, ಆಮೇಲೆ ಎರಡು ವರ್ಷ ಕಿಟಕಿಯಾಚೆ ನೋಡುತ್ತ ಕುಳಿತಿದ್ದ ರೇವಿಯನ್ನು ಅವಳೇ ಕರೆಸಿಕೊಂಡಿದ್ದಳು. ಮಾರ್ಗದರ್ಶಿಯಾಗಿ ಇವತ್ತು ಅವನ ಮೊದಲ ದಿನ.

ಮೊದಲ ದಿನವೇ ಎಲ್ಲ ಅಡಿಮೇಲಾಗಿತ್ತು. ಮಾತೆರೋವಾ ಯಾವಾಗಲೂ ಜನರನ್ನು ಕರೆದೊಯ್ಯುತ್ತಿದ್ದ, ಕುಲದವರೆಲ್ಲ ಸೇರುವ ಅಂಗಳವೂ ಮನೆಯೂ ಇರುವ ಕೆರೆದಂಡೆಯ ಮರಾಯ್‌ಗೆ ನಿನ್ನೆ ಒಬ್ಬ ಮುದುಕಿಯ ದೇಹವನ್ನು ತಂದಿದ್ದರು. ಮರಾಯ್ ಅಂಗಳಕ್ಕೆ ದೇಹ ಬಂತೆಂದರೆ ಮೂರು ದಿನ ಅಲ್ಲಿ ಬೇರೆ ಯಾವ ಕೆಲಸಕ್ಕೂ ಜಾಗವಿಲ್ಲ. ಮದುವೆಯಿದ್ದರೂ ಮುಂದಕ್ಕೆ ಹೋಗುತ್ತದೆ, ಇನ್ನು ಪ್ರವಾಸಿಗರ ಮಾತೇನು. ಅತಿಥಿಗಳ ಪರವಾಗಿ ಎದ್ದು ಮಾತಾಡುತ್ತಿದ್ದ ಮುದುಕರೂ ಆ ಸಾವಿನ ಮನೆಗೇ ಹೋಗಿದ್ದರು. ಮಾತೆರೋವಾ ಏಳು ಗಂಟೆಗೇ ನಾಲ್ಕು ಕಡೆ ಫೋನು ಮಾಡಿ, ಕೊನೆಗೆ ಒಂದು ಕಡೆ ಒಪ್ಪಿಸಿ, ಚಹಾ ಕುಡಿಯುತ್ತಿದ್ದ ರೇವಿಯ ಮುಂದೆ ಬಂದು ನಿಂತಿದ್ದಳು.

“ವೈಕೋಪುವಾಗೆ ಹೋಗೋಣ. ಬನ್ನಿ ಅಂದಿದಾರೆ. ಮಾತು ನೀನೇ ಆಡ್ಬೇಕು.”

“ವೈಕೋಪುವಾಗಾ?”

“ಹೂಂ. ನಿಮ್ಮಪ್ಪನ ಕಡೆಯೋರ ಊರು. ಗೊತ್ತು ನಂಗೆ. ಬೇರೆ ದಾರಿ ಇಲ್ಲ ಕಣೋ.”

ರೇವಿಯ ಅಜ್ಜ ತಾಮಾತಿ ಹುಟ್ಟಿದ್ದು ವೈಕೋಪುವಾದಲ್ಲಿ. ಇಪ್ಪತ್ತರ ವಯಸ್ಸಿಗೆ ಆಕ್ಲೆಂಡಿನ ಮಾಂಸದ ಕಾರ್ಖಾನೆಗೆ ಕೆಲಸಕ್ಕೆ ಹೋದವರು ತಿರುಗಿ ಬರಲಿಲ್ಲ. ಹೆತ್ತ ತಾಯಿಯ ಸಾವಿಗೂ ಬರಲಿಲ್ಲ. ಯಾಕೆಂದು ಮನೆಯಲ್ಲಿ ಯಾರೂ ಕೇಳಲಿಲ್ಲ, ಅವರೂ ಹೇಳಲಿಲ್ಲ. ಸತ್ತು ಆಕ್ಲೆಂಡಿನಲ್ಲೇ ಮಣ್ಣಾದರು. ರೇವಿಗೆ ಈಗ ಇಪ್ಪತ್ತಾರು. ಒಮ್ಮೆಯೂ ಆ ಊರಿಗೆ ಕಾಲಿಟ್ಟವನಲ್ಲ. ಕರೆದುಕೊಂಡು ಹೋಗು ಎಂದು ಅಪ್ಪನನ್ನು ಒಮ್ಮೆ ಕೇಳಿದ್ದ. “ಅಲ್ಲಿ ಬೆಂಕಿ ಆರದ ಹಾಗೆ ಕಾಯ್ಕೊಂಡು ಕೂತೋರು ಬೇರೆ. ನಮ್ಮ ಒಲೆ ಯಾವತ್ತೋ ತಣ್ಣಗಾಯ್ತು. ಅಲ್ಲಿ ಹೋಗಿ ಇದು ನಮ್ಮ ಬೆಟ್ಟ ಅನ್ನೋಕೆ ನಮಗೆ ಮುಖ ಎಲ್ಲಿದೆ?” ಎಂದಿದ್ದರು ಅಪ್ಪ.

ಆ ಬೆಟ್ಟದ ಹೆಸರು ಪುಕೆಮಿಹಿ. ಅಜ್ಜನ ಮನೆಯಲ್ಲಿ ರೇಡಿಯೊದ ಮೇಲ್ಗಡೆ ಅದರದೊಂದು ಫೋಟೋ ತೂಗುತ್ತಿತ್ತು. ರೇವಿ ನೋಡಿದ್ದು ಅಷ್ಟೆ.

ರೇವಿಯ ಬೆರಳು ತೊಡೆಯ ಮೇಲೆ ತಾಳ ಹಾಕುತ್ತಿತ್ತು. ಭಯ ಎಂದುಕೊಂಡ. ಆದರೆ ಭಯವಾದಾಗ ಯಾರಿಗೂ ಹೀಗೆ ಹಾಡು ಗುನುಗುವ ಆಸೆ ಆಗುವುದಿಲ್ಲ.

“ಬಾಯಿಗೆ ಬೀಗ ಹಾಕ್ಕೊಂಡು ಕೂತ್ರೆ ಆಯ್ತಾ?” ಎಂದಳು ಮಾತೆರೋವಾ. “ಹಿಂದ್ಗಡೆ ಹನ್ನೆರಡು ಜನ ಇದಾರೆ. ಅವರಿಗೆ ಏನಾದ್ರೂ ಹೇಳು. ನಿನ್ನ ಮೌನ ನೋಡೋಕೆ ಬಂದಿಲ್ಲ ಅವರು.”

ರೇವಿ ಹಿಂದಕ್ಕೆ ತಿರುಗಿದ. “ನಮ್ಮಲ್ಲಿ ಹೆಸರು ಕೊನೇಗೆ ಹೇಳೋದು. ಮೊದಲು ನಿಮ್ಮ ಬೆಟ್ಟ, ಆಮೇಲೆ ನಿಮ್ಮ ನೀರು. ಒಬ್ಬೊಬ್ಬರೇ ಹೇಳಿ, ನಿಮ್ಮ ಬೆಟ್ಟ ಯಾವುದು?”

ಅಲ್ಲಿಯವರೆಗೆ ತೂಕಡಿಸುತ್ತಿದ್ದ ವ್ಯಾನು ಎದ್ದು ಕುಳಿತಿತು. ಕೆನಡಾದ ಮುದುಕ ತನ್ನ ಬೆಟ್ಟದ ಹಿಮದ ಬಗ್ಗೆ ಶುರುಮಾಡಿದವನು ನಿಲ್ಲಿಸಲೇ ಇಲ್ಲ. ಹೊಸದಾಗಿ ಮದುವೆಯಾದ ಜಪಾನಿನ ಜೋಡಿ ತಮ್ಮತಮ್ಮಲ್ಲೇ ಜಗಳಕ್ಕೆ ನಿಂತಿತು.

“ಇಬ್ಬರಿಗೂ ಒಂದೇ ಸಾಕಲ್ವಾ?” ಎಂದ ರೇವಿ.

“ಬೇಡ,” ಎಂದಳು ಹೆಂಡತಿ. “ಅವರದ್ದು ಗುಡ್ಡ. ನನ್ನದು ಬೆಟ್ಟ.”

ಕೊನೆಯ ಸೀಟಿನಲ್ಲಿದ್ದ ಮಾರೈಕೆ ಎಪ್ಪತ್ತು ದಾಟಿದ ಡಚ್ ಹೆಂಗಸು, ಮೂವತ್ತು ವರ್ಷ ಟ್ರಾಮ್ ಓಡಿಸಿದವಳು. ಅವಳು ತುಂಬ ಹೊತ್ತು ಯೋಚಿಸಿದಳು. “ನಮ್ಮೂರಲ್ಲಿ ಬೆಟ್ಟವೇ ಇಲ್ಲಪ್ಪ. ಸಮುದ್ರ ಒಳಗೆ ಬರದೇ ಇರಲಿ ಅಂತ ಕಟ್ಟಿದ ಒಡ್ಡು ಇದೆ. ನಮ್ಮ ಕಡೆ ಎತ್ತರ ಅಂದ್ರೆ ಅದೇ. ನಡೆಯುತ್ತಾ?”

“ಚೆನ್ನಾಗೇ ನಡೆಯುತ್ತೆ.”

“ಸರಿ, ನಿಂದು ಯಾವುದು?”

ರೇವಿ ಮುಂದಕ್ಕೆ ತಿರುಗಿ ಕುಳಿತ. ಮಾತೆರೋವಾ ಕನ್ನಡಿಯಲ್ಲಿ ಅವನ ಮುಖ ನೋಡಿ ಜೋರಾಗಿ ಹೇಳಿದಳು: “ಈಗ ಹಾಡು ಕಲೀಬೇಕು. ನಮ್ಮವನು ಮಾತು ಮುಗಿಸಿದ ಕೂಡ್ಲೇ ನೀವೆಲ್ಲ ಎದ್ದು ಹಾಡ್ಬೇಕು. ಹಾಡಿಲ್ಲದೆ ಅವನನ್ನ ಒಂಟಿಯಾಗಿ ನಿಲ್ಲಿಸಿದ್ರೆ ನಮ್ಮ ಮಾನ ಹೋಗುತ್ತೆ.” ನಾಲ್ಕೇ ಸಾಲಿನ ಹಾಡು. ಮಾರೈಕೆಯ ದನಿ ಟ್ರಾಮಿನ ಗಂಟೆಯ ಹಾಗೆ ಎಲ್ಲರ ಮೇಲೂ ಕೇಳಿಸುತ್ತಿತ್ತು.

ವೈಕೋಪುವಾದ ಮರಾಯ್ ಗೇಟಿನ ಹೊರಗೆ ಗುಂಪಾಗಿ ನಿಂತಾಗ ರೇವಿಗೆ ಬೆಟ್ಟ ಕಾಣಿಸಿತು. ಊಟದ ಮನೆಯ ತಗಡಿನ ಹಿಂದೆ ಅದು ಸುಮ್ಮನೆ ಕುಳಿತಿತ್ತು. ಫೋಟೋದಲ್ಲಿ ಇದ್ದುದಕ್ಕಿಂತ ಚಿಕ್ಕದು. ಮೈಮೇಲೆ ಕುರಿಗಳು, ನೆತ್ತಿಯ ಮೇಲೊಂದು ಮೊಬೈಲ್ ಟವರು. ಆದರೂ ಅವನ ಕೈಯ ರೋಮವೆಲ್ಲ ಎದ್ದು ನಿಂತಿತು.

ಒಳಗಿನಿಂದ ಹೆಂಗಸಿನ ಕರೆ ಎದ್ದಿತು, ಉದ್ದಕ್ಕೆ, ನಡುಗುತ್ತ. ಈ ನೆಲ ಮೆಟ್ಟದ ಹೊಸ ಪಾದಗಳೇ ಬನ್ನಿ. ನಿಮ್ಮ ಸತ್ತವರನ್ನೂ ಕರೆದುಕೊಂಡು ಬನ್ನಿ. ಮಾತೆರೋವಾ ಅತಿಥಿಗಳ ಪರವಾಗಿ ಅದಕ್ಕೆ ಕರೆಯಿಂದಲೇ ಉತ್ತರ ಕೊಡುತ್ತ ಮುಂದೆ ನಡೆದಳು. ರೇವಿ ಆ ಮಾತುಗಳನ್ನು ತರಗತಿಯಲ್ಲಿ ಬಿಡಿಸಿ ಅರ್ಥ ಬರೆದವನು. ಈಗ ಮೊದಲ ಸಲ ಅವು ತನ್ನನ್ನೇ ಕುರಿತು ಹೇಳಿದಂತೆ ಕೇಳಿಸಿದವು. ಅಂಗಳದ ನಡುವೆ ಎಲ್ಲರೂ ಸತ್ತವರಿಗಾಗಿ ತಲೆ ತಗ್ಗಿಸಿ ನಿಂತಾಗ ಅವನು ಅಜ್ಜನನ್ನು ನೆನೆದ. ಬಂದಿದ್ದೀವಿ, ಎಂದುಕೊಂಡ.

ಅತಿಥಿಗಳ ಬೆಂಚುಗಳಲ್ಲಿ ಮುಂದಿನ ಸಾಲು ಮಾತಾಡುವ ಗಂಡಸರದು. ಅಲ್ಲಿ ಒಬ್ಬನೇ ಕುಳಿತ ರೇವಿಯ ಬೆನ್ನಿಗೆ ಮಾತೆರೋವಾಳ ಪಿಸುಮಾತು ತಾಗಿತು. “ಎದುರುಗಡೆ ನಡುವೆ ಕೂತಿದಾರಲ್ಲ, ಊರುಗೋಲಿನವರು, ಅವರೇ ಹೈಮೋನಾ. ನಿಮ್ಮಜ್ಜನ ತಮ್ಮ.”

ರೇವಿ ಮೊದಲು ನೋಡಿದ್ದು ಅವರ ಕಿವಿಗಳನ್ನು. ಹಿಡಿಕೆಯಂತೆ ಹೊರಕ್ಕೆ ಚಾಚಿದ ಅಗಲ ಕಿವಿಗಳು. ಅಜ್ಜನವೂ ಹಾಗೇ ಇದ್ದವು. ಇವತ್ತು ಮರ್ಯಾದೆಗೆಂದು ಕೂದಲನ್ನು ಹಿಂದಕ್ಕೆ ಕಟ್ಟಿಕೊಂಡಿದ್ದಕ್ಕೆ ರೇವಿ ತನ್ನನ್ನೇ ಬೈದುಕೊಂಡ.

ಮನೆಯವರ ಮಾತು ಮೊದಲು. ಹೈಮೋನಾ ಎದ್ದು, ಊರುಗೋಲು ಬೀಸುತ್ತ, ಅಂಗಳದ ತುಂಬ ಓಡಾಡಿ ಮಾತಾಡಿದರು. ಅವರ ಹೆಂಗಸರು ಹಾಡಿದರು. ಆಮೇಲೆ ಅಂಗಳ ಖಾಲಿಯಾಗಿ ರೇವಿಗಾಗಿ ಕಾಯತೊಡಗಿತು.

ಎದ್ದ. ಮೊದಲ ಎರಡು ಮಾತಿಗೆ ದನಿ ಒಡೆಯಿತು, ಮೂರನೆಯದಕ್ಕೆ ಹದಕ್ಕೆ ಬಂತು. ಸತ್ತವರಿಗೆ ನಮಸ್ಕಾರ ಹೇಳಿದ. ಎದುರಿಗೆ ಕೆತ್ತನೆಯ ಮನೆ. ಅದು ಬರೀ ಕಟ್ಟಡವಲ್ಲ, ಆ ಕುಲದ ಮೂಲಪುರುಷ. ಅತಿಥಿಯಾಗಿ ಬಂದವನು ‘ನಿಮ್ಮ ಅಜ್ಜನಿಗೆ ನಮಸ್ಕಾರ’ ಎನ್ನಬೇಕು. ವ್ಯಾನಿನಲ್ಲಿ ಹತ್ತು ಸಲ ಹಾಗೇ ಮನಸ್ಸಿನಲ್ಲಿ ಹೇಳಿಕೊಂಡಿದ್ದ. ಈಗ ಬಾಯಿಂದ ಬಂದದ್ದು ‘ನಮ್ಮ ಅಜ್ಜನಿಗೆ.’ ಆ ಭಾಷೆಯಲ್ಲಿ ‘ನಮ್ಮ’ ಎನ್ನುವುದಕ್ಕೆ ಎರಡು ಮಾತುಗಳಿವೆ. ಕೇಳುವವರನ್ನು ಹೊರಗಿಟ್ಟ ‘ನಮ್ಮ’ ಒಂದು, ನೀವೂ ನಾವೂ ಸೇರಿದ ‘ನಮ್ಮ’ ಇನ್ನೊಂದು. ರೇವಿ ಹೇಳಿದ್ದು ಎರಡನೆಯದನ್ನು.

ಎದುರಿನ ಬೆಂಚಿನಲ್ಲಿ ಊರುಗೋಲು ನೆಲವನ್ನು ಕುಟ್ಟುವುದು ನಿಂತಿತು.

ಹಿಂದಕ್ಕೆ ತೆಗೆದುಕೊಳ್ಳುವಂತಿಲ್ಲ. ರೇವಿ ಉಸಿರೆಳೆದುಕೊಂಡು ತನ್ನವರ ಬೆಟ್ಟಗಳನ್ನು ಎಣಿಸತೊಡಗಿದ. ಕೆನಡಾದ ಹಿಮದ ಬೆಟ್ಟ. ಗಂಡನ ಗುಡ್ಡ, ಹೆಂಡತಿಯ ಬೆಟ್ಟ. ಒಂದೊಂದು ಹೆಸರಿಗೂ ಅದರವರು ಹಿಂದೆ ನೆಟ್ಟಗೆ ಕೂರುವುದು ಅವನಿಗೆ ಬೆನ್ನಿನಿಂದಲೇ ಗೊತ್ತಾಗುತ್ತಿತ್ತು. ದನಿ ಏರಿತು, ಕಾಲು ತಾನಾಗಿ ಅಂಗಳ ಅಳೆಯಿತು. ಸಮುದ್ರಕ್ಕೆ ಎದೆಗೊಟ್ಟು ನಿಂತ ಮಣ್ಣಿನ ಒಡ್ಡು ಎಂದಾಗ ಮನೆಯವರ ಕಡೆಯ ಹೆಂಗಸರು ನಕ್ಕು, ಹೌದೆಂದು ದನಿಗೂಡಿಸಿದರು. ಇಷ್ಟು ಖುಷಿಯಾಗಿ ತಾನು ಯಾವತ್ತಾದರೂ ಮಾತಾಡಿದ್ದುಂಟೇ ಎಂದು ಅವನಿಗೇ ಆಶ್ಚರ್ಯವಾಯಿತು.

ಹನ್ನೆರಡು ಮುಗಿದವು. ಹದಿಮೂರನೆಯದರ ಜಾಗಕ್ಕೆ ಬಂದು ನಿಂತ. ಬೆಟ್ಟ ಎದುರಿಗೇ ಇತ್ತು. ಗಾಳಿ, ಒಂದು ಕುರಿಯ ಕೂಗು. ನಾಲಿಗೆ ಹೆಸರಿನ ಮೊದಲ ಅಕ್ಷರದವರೆಗೆ ಹೋಗಿ ನಿಂತಿತು.

ಮಾತು ಮುಗಿಯಿತೆಂದುಕೊಂಡು ಮಾರೈಕೆ ಎದ್ದಳು. ಯಾರನ್ನೂ ಕಾಯದೆ, ಎರಡು ಪಟ್ಟು ಎತ್ತರದ ಶ್ರುತಿಯಲ್ಲಿ ಹಾಡು ಹಿಡಿದಳು. ಬಾಕಿಯವರು ದಡಬಡಿಸಿ ಎದ್ದು ಅವಳ ಹಿಂದೆ ಓಡಿದರು. ಯಾರ ಸಾಲೂ ಯಾರಿಗೂ ಕೂಡಲಿಲ್ಲ. ರೇವಿಯೂ ಗಂಟಲು ಬಿಟ್ಟು ಹಾಡಿದ.

ಕೊನೆಯ ಮಾತು ಮತ್ತೆ ಮನೆಯವರದು. ಹೈಮೋನಾ ಈ ಸಲ ಓಡಾಡಲಿಲ್ಲ, ಊರುಗೋಲಿನ ಮೇಲೆ ಭಾರ ಹಾಕಿ ನಿಂತರು.

“ದೇವರು ಮಾಡಿದ ಬೆಟ್ಟ ಬಹಳ ನೋಡಿದೀನಿ. ಕೈಯಾರೆ ಬೆಟ್ಟ ಮಾಡ್ಕೊಂಡೋರನ್ನ ಇವತ್ತು ನೋಡ್ದೆ. ಆ ಅಜ್ಜಿಗೆ ನಮಸ್ಕಾರ. ಹಾಡು ಮಾತ್ರ ಸ್ವಲ್ಪ ಮೆಲ್ಲಗೆ ಹಾಡ್ಲಿ, ನಮ್ಮ ಕುರಿಗಳು ಹೆದರ್ತವೆ.” ನಗು ತಗ್ಗುವವರೆಗೆ ತಡೆದರು. “ಇನ್ನು ಈ ಹುಡುಗ. ಯೂನಿವರ್ಸಿಟಿಯಲ್ಲಿ ಓದಿದೋನಂತೆ. ನಮ್ಮ ಯಾವುದು, ನಿಮ್ಮ ಯಾವುದು, ಅಲ್ಲಿ ಕಲಿಸೋದಿಲ್ವೋ ಏನೋ. ನನಗೆ ಕಿವಿ ಮಂದ. ಆದ್ರೂ ಅವನು ‘ನಮ್ಮ’ ಅಂದಿದ್ದು ಕೇಳಿಸ್ತು. ಹನ್ನೆರಡು ಬೆಟ್ಟ ಹೊತ್ಕೊಂಡು ಬಂದ. ಹದಿಮೂರನೇದನ್ನ ವ್ಯಾನಲ್ಲೇ ಬಿಟ್ಟುಬಂದ. ಇರ್ಲಿ. ಬೆಟ್ಟಕ್ಕೇನು ಆತುರ?”

ರೇವಿಯ ಕಿವಿ ಕಾದ ಕಲ್ಲಿನಂತಾಯಿತು. ಮಾತೆರೋವಾ ಉಳಿದವರಿಗೆ ಅದರ ಅರ್ಥ ಹೇಳುತ್ತಿದ್ದಳು. ಕೊನೆಯ ಭಾಗವನ್ನು ಹೇಳಲಿಲ್ಲ.

ಅತಿಥಿಗಳು ಸಾಲಾಗಿ ಹೋಗಿ ಮನೆಯವರ ಮೂಗಿಗೆ ಮೂಗು, ಹಣೆಗೆ ಹಣೆ ತಾಗಿಸಿದರು. ಹೈಮೋನಾ ರೇವಿಯ ಕತ್ತಿನ ಹಿಂದೆ ಕೈಯಿಟ್ಟು ಹಣೆಯನ್ನು ಒತ್ತಿ ಹಿಡಿದರು, ಬಿಡಲಿಲ್ಲ. ಇಬ್ಬರ ಉಸಿರೂ ಒಂದಾಗಿ ಹೋಗಿ ಬಂತು.

“ಯಾರ ಮೊಮ್ಮಗ ನೀನು?”

ರೇವಿ ಬಾಯಿ ತೆರೆದ. ಮುದುಕರು ಎರಡು ಬೆರಳಲ್ಲಿ ಅವನ ಕಿವಿ ಹಿಡಿದು ಮೆಲ್ಲಗೆ ಜಗ್ಗಿದರು. “ಬಿಡು, ಇದೇ ಹೇಳ್ತಿದೆ. ತಾಮಾತಿ.” ಅಷ್ಟು ಹೇಳಿ ಮುಂದಿನವನ ಕಡೆ ತಿರುಗಿದರು.

ಊಟಕ್ಕೆ ಮಣ್ಣಿನ ಗುಂಡಿಯಲ್ಲಿ ಬೆಂದ ಹಂದಿಮಾಂಸ, ಗೆಣಸು, ಕುಂಬಳಕಾಯಿ. ರೇವಿ ಪ್ರವಾಸಿಗರ ಮೇಜಿನಲ್ಲಿ ತಟ್ಟೆ ಇಟ್ಟುಕೊಂಡು ಕುಳಿತ. ಒಳಗೊಳಗೇ ಹಿಗ್ಗು, ಆದರೆ ಯಾವುದೂ ಇತ್ಯರ್ಥವಾದಂತಿರಲಿಲ್ಲ. ಮುದುಕರು ಗುರುತು ಹಿಡಿದರು, ಸರಿ. ಗುರುತು ಹಿಡಿಯುವುದು ಬೇರೆ, ಒಳಗೆ ಬಿಟ್ಟುಕೊಳ್ಳುವುದು ಬೇರೆ. ಎರಡನೇ ತುತ್ತು ಬಾಯಲ್ಲಿರುವಾಗ ಅಡುಗೆಮನೆಯ ಬಾಗಿಲಿಂದ ದಪ್ಪನೆಯ ಹೆಂಗಸೊಬ್ಬಳು, ಎಲ್ಲರೂ ಪಾರೆ ಎಂದು ಕರೆಯುತ್ತಿದ್ದವಳು, ಬಂದು ಅವನ ಹೆಗಲ ಮೇಲೆ ತಟ್ಟೆ ಒರೆಸುವ ಒದ್ದೆ ಬಟ್ಟೆಯನ್ನು ಎಸೆದಳು.

“ಏನೋ, ನೆಂಟರ ಥರ ಕೂತ್ಕೊಂಡು ತಿಂತಿದೀಯ? ಪಾತ್ರೆ ಒರೆಸೋರು ಯಾರು, ನಿಮ್ಮಜ್ಜನಾ?”

ಮಾತೆರೋವಾ ತಟ್ಟನೆ ಕಿಟಕಿಯ ಕಡೆ ಮುಖ ತಿರುಗಿಸಿದಳು. ರೇವಿ ಅರ್ಧ ತಟ್ಟೆಯನ್ನು ಅಲ್ಲೇ ಬಿಟ್ಟು ಎದ್ದ. ಅತಿಥಿಗೆ ಯಾರೂ ಆ ಬಟ್ಟೆ ಕೊಡುವುದಿಲ್ಲ.

ಅಡುಗೆಮನೆಯ ಮೂಲೆಯಲ್ಲಿ ಹೈಮೋನಾ ಸ್ಟೂಲಿನ ಮೇಲೆ ಕುಳಿತು ಚಮಚ ಒರೆಸುತ್ತಿದ್ದರು. ರೇವಿ ಪಕ್ಕದಲ್ಲಿ ನಿಂತು ತಟ್ಟೆಗಳಿಗೆ ಕೈ ಹಚ್ಚಿದ. ಕಿಟಕಿಯ ತುಂಬ ಬೆಟ್ಟವೇ ಇತ್ತು.

“ಅಮ್ಮ ಹೋದಾಗ ಮೂರು ದಿನ ಆ ಗೇಟನ್ನೇ ನೋಡ್ತಾ ಕೂತಿದ್ದೆ,” ಎಂದರು ಹೈಮೋನಾ. “ಬರ್ಲಿಲ್ಲ ಅವನು.”

ರೇವಿ ಒಂದು ತಟ್ಟೆ ಒರೆಸಿ ಇಟ್ಟ. ಇನ್ನೊಂದು ತೆಗೆದುಕೊಂಡ.

“ನಮ್ಮ ಮಾತು ಎತ್ತುತ್ತಿದ್ನಾ?”

“ಇಲ್ಲ ಅಜ್ಜ. ಈ ಬೆಟ್ಟದ ಫೋಟೋ ಒಂದು ಇತ್ತು. ಅದರ ಧೂಳು ಅವರೇ ಒರೆಸ್ಬೇಕು. ಬೇರೆ ಯಾರು ಮುಟ್ಟಿದ್ರೂ ಬೈತಿದ್ರು.”

ಹೈಮೋನಾ ಬಹಳ ಹೊತ್ತು ಒಂದೇ ಚಮಚವನ್ನು ಒರೆಸಿದರು. ಆಮೇಲೆ ರೇವಿ ಇಟ್ಟ ತಟ್ಟೆಯನ್ನು ಬೆಳಕಿಗೆ ಹಿಡಿದು ನೋಡಿ ಅವನಿಗೇ ವಾಪಸು ಕೊಟ್ಟರು. “ಇದು ಒರೆಸಿದ್ದಾ? ಮತ್ತೆ ಒರೆಸು. ಮುಂದಿನ ಶನಿವಾರ ಬಾ. ಗೇಟಿಂದ ಬರ್ಬೇಡ, ಅದು ನೆಂಟರಿಗೆ, ಅಲ್ಲಿ ನಿನ್ನನ್ನ ಯಾರೂ ಕರೆಯೋದಿಲ್ಲ. ಹಿಂದಿನ ಬಾಗಿಲಿಂದ ಬಾ.”

“ಆಯ್ತು,” ಎಂದ ರೇವಿ. ನಗು ತಡೆಯಲಾರದೆ ತಟ್ಟೆಯ ಮೇಲೆ ಬಾಗಿದ.

ಮಧ್ಯಾಹ್ನ ಮೂರಕ್ಕೆ ವ್ಯಾನು ಹೊರಟಿತು. ಹಿಂದಿನ ಸೀಟುಗಳಲ್ಲಿ ಯಾರೂ ತೂಕಡಿಸುತ್ತಿರಲಿಲ್ಲ. ಜಪಾನಿನ ಹುಡುಗಿ ಗಂಡನಿಗೆ ಮೂಗು ತಾಗಿಸುವುದನ್ನು ಮತ್ತೆ ಕಲಿಸುತ್ತಿದ್ದಳು. ಮಾರೈಕೆ ಮುಂದಕ್ಕೆ ಬಾಗಿ ರೇವಿಯ ಹೆಗಲು ತಟ್ಟಿದಳು. ಅಲ್ಲಿ ಒದ್ದೆ ಬಟ್ಟೆ ಇನ್ನೂ ಹಾಗೇ ಇತ್ತು.

“ಅಲ್ಲಪ್ಪ, ನಮ್ಮೆಲ್ಲರದ್ದೂ ಹೇಳ್ದೆ. ನಿಂದು ಯಾವುದು ಅಂತ ಹೇಳಲೇ ಇಲ್ಲ.”

ರೇವಿ ಹುಬ್ಬೇರಿಸಿ ಕಿಟಕಿಯಾಚೆಗೆ ತೋರಿಸಿದ.

“ಅದಾ? ಟವರ್ ಇರೋದಾ?”

ಹೌದೆನ್ನುವಂತೆ ಮತ್ತೊಮ್ಮೆ ಹುಬ್ಬೇರಿಸಿದ.

“ಚೆನ್ನಾಗಿದೆ. ನಮ್ಮ ಒಡ್ಡಿಗಿಂತ ಎತ್ತರ. ಹೆಸರೇನು?”

ಮಾತೆರೋವಾ ಕನ್ನಡಿಯಲ್ಲಿ ಅವನನ್ನೇ ನೋಡುತ್ತ, ವ್ಯಾನಿನ ವೇಗ ತಗ್ಗಿಸಿ ಕಾದಳು. ರಸ್ತೆ ತಿರುಗಿತು, ಪೈನ್ ಮರಗಳು ಅಡ್ಡ ಬಂದವು. ರೇವಿ ಕತ್ತು ಹೊರಳಿಸಿ, ಬೆಟ್ಟ ಪೂರ್ತಿ ಮರೆಯಾಗುವವರೆಗೂ ನೋಡಿದ. ಬೆಟ್ಟಕ್ಕೇನು ಆತುರ, ಎಂದುಕೊಂಡ.

ಪುಕೆಮಿಹಿ ಎಂಬ ಹೆಸರನ್ನು ಅವನು ಆ ದಿನ ಒಮ್ಮೆಯೂ ಹೇಳಲಿಲ್ಲ.