ತೂಮೆ ಕೊಟ್ಟ ಹೆಸರು

ಜೊಂಡು ಹೂಬಿಡುವ ಕಾಲಕ್ಕೆ ನಮ್ಮ ಸರೋವರದಿಂದ ತೂಮೆ ಏಳುತ್ತದೆ. ಹೊತ್ತು ಮುಳುಗುತ್ತಿದ್ದಂತೆ ನೀರಿನ ಮೇಲಿಂದ ಎಳೆಹಸಿರು ಬೆಳಕೊಂದು ಎದ್ದು, ಒಣಹಾಕಿದ ಬಟ್ಟೆಯ ಹಾಗೆ ಅಲುಗಾಡುತ್ತ ಹಟ್ಟಿಯ ಕಡೆ ಬರುತ್ತದೆ. ಆ ವರ್ಷ ಹುಟ್ಟಿದ ಕೂಸುಗಳನ್ನೆಲ್ಲ ದಡದಲ್ಲಿ ಚಾಪೆ ಹಾಸಿ ಮಲಗಿಸಿರುತ್ತೇವೆ. ತೂಮೆ ಒಂದೊಂದು ಕೂಸಿನ ಮೇಲೂ ನಿಂತು ಒಂದು ಸದ್ದು ಮಾಡುತ್ತದೆ. ಆ ಸದ್ದೇ ಕೂಸಿನ ಹೆಸರು. ನನ್ನ ಮೇಲೆ ನಿಂತು ‘ಗುಡುಮ್’ ಎಂದಿತಂತೆ, ಹಾಗಾಗಿ ನಾನು ಗುಡುಮಿ. ನನ್ನ ಬಾಯಿಗೆ ಹೆದರುವವರು ಹೆಸರು ಸರಿಯಾಗಿಯೇ ಬಿದ್ದಿದೆ ಎನ್ನುತ್ತಾರೆ. ಅನ್ನಲಿ ಬಿಡಿ, ನನಗೇನು.

ನನ್ನ ಮಗಳು ಝಿಲ್ಮೆ. ಅವಳ ಮಗಳಿಗೆ ಮಾತ್ರ ಹೆಸರಿರಲಿಲ್ಲ. ಹುಟ್ಟಿದ ವರ್ಷ ತೂಮೆ ಬಂತು, ಮಗುವಿನ ಮೇಲೆ ನಿಂತಿತು, ಪಿಟ್ಟೆನ್ನದೆ ಮುಂದೆ ಹೋಯಿತು. ಮರುವರ್ಷವೂ ಅಷ್ಟೆ, ಆಮೇಲೂ ಅಷ್ಟೆ. ಹೆಸರಿಲ್ಲದವರನ್ನು ನಾವು ದೋಣಿ ಹತ್ತಿಸುವುದಿಲ್ಲ. ನೀರಿಗೆ ಬಿದ್ದರೆ ಏನೆಂದು ಕೂಗುವುದು? ಓರಗೆಯ ಮಕ್ಕಳೆಲ್ಲ ಜೊಂಡು ಕೊಯ್ಯಲು ಹೊರಟರೆ ಇವಳು ದಡದಲ್ಲಿ ನಿಂತು ಕೈಬೀಸುತ್ತಿದ್ದಳು. ಅಳುತ್ತಿರಲಿಲ್ಲ. ಕಪ್ಪೆ ಹಾರಿದರೆ ನಗು, ಗಂಜಿ ಉಕ್ಕಿದರೆ ನಗು, ಅಂಥ ಹುಡುಗಿ ಅವಳು. ಹೊಟ್ಟೆ ಉರಿಯುತ್ತಿದ್ದದ್ದು ನನಗೆ.

ಈ ಸಲ ಅವಳ ಕೆಳಗಿನ ಹಲ್ಲೊಂದು ಅಲುಗಾಡತೊಡಗಿತು. ಹಾಲುಹಲ್ಲು ಬಿದ್ದ ಮಗುವಿಗೆ ತೂಮೆ ಹೆಸರು ಕೊಟ್ಟ ಉದಾಹರಣೆ ನಮ್ಮ ಹಟ್ಟಿಯಲ್ಲಿಲ್ಲ. ತೂಮೆ ಬರುವ ಈ ಸಂಜೆ ತಪ್ಪಿತೆಂದರೆ ಅವಳು ಬದುಕಿಡೀ ದಡದಲ್ಲೇ ಉಳಿಯಬೇಕು.

“ಹಲ್ಲು ಮುಟ್ಬೇಡ ಅಂತ ಎಷ್ಟ್ ಸಲ ಬಡ್ಕೊಳ್ಲಿ?” ಎಂದೆ.

“ನಾನೆಲ್ಲಜ್ಜಿ ಮುಟ್ದೆ, ಅದೇ ಬಂದು ನನ್ ನಾಲಿಗೇನ ಮುಟ್ತಿದೆ” ಎಂದಳು. ಆಮೇಲೆ, “ಅಜ್ಜಿ, ತೂಮೆ ಕಣ್ಣಿಗೆ ನಾನು ಕಾಣಲ್ವಾ?” ಎಂದು ಕೇಳಿದಳು.

ಅವಳ ತಲೆ ಬಾಚುವ ನೆಪದಲ್ಲಿ ಹಿಂದೆ ಹೋಗಿ ಕೂತೆ.

ಸಂಜೆ ಹೂಂವಣ್ಣ ಬಂದ. ತೂಮೆಯ ಸದ್ದನ್ನು ಕಿವಿಗೊಟ್ಟು ಕೇಳಿ ಹಟ್ಟಿಗೆಲ್ಲ ಸಾರುವ ಹಿರಿಯ ಅವನು. ಆ ಕಿವಿಗಳಿಗೆ ವರ್ಷವಿಡೀ ಎಣ್ಣೆ ಹಚ್ಚಿಕೊಂಡು ಮೆರೆಯುತ್ತಾನೆ.

“ಗುಡುಮಕ್ಕ, ಮಗು ಬಾಯಿಗೆ ಉಂಡೆ ಇಟ್ಟಿದೀಯಾ? ಬೇರೆ ಕೂಸುಗಳು ನಿದ್ದೆ ಮಾಡ್ತಾವೆ. ಇದು ಕಿಸಿಕಿಸಿ ಅಂದ್ರೆ ನಂಗೇನ್ ಕೇಳ್ಸುತ್ತೆ?”

“ಕೂಸಾಗಿದ್ದಾಗ ಜೇನದ್ದಿದ ಬಟ್ಟೆ, ಆಮೇಲೆ ಉಂಡೆ, ವರ್ಷವರ್ಷಾನೂ ಇಡ್ತಿಲ್ವಾ? ನೀನು ನಿನ್ ಕಿವಿ ನೋಡ್ಕೋ ಹೋಗು” ಎಂದೆ. ಗೆಣಸಿಗೆ ಜೇನು ಕಲಸಿದ ದೊಡ್ಡ ಉಂಡೆಯನ್ನು ಅವಳ ಬಾಯಿಗೆ ತುರುಕಿದೆ. ಅವಳ ಕೆನ್ನೆ ಊದಿಕೊಂಡು ಕಣ್ಣುಗಳಷ್ಟೇ ಹೊರಗೆ ಉಳಿದವು.

ತೂಮೆ ಬಂತು. ಕೂಸುಗಳ ಮೇಲೆ ಒಂದೊಂದಾಗಿ ನಿಂತು ‘ಟಿಂವ್’ ಎಂದಿತು, ‘ಝೂ’ ಎಂದಿತು. ಹೂಂವಣ್ಣ ಸಾರಿದ, ನಾವೆಲ್ಲ ಕೂಗಿದೆವು. ಕೊನೆಗೆ ನಮ್ಮ ಹುಡುಗಿಯ ಮೇಲೆ ಬಂತು. ತೂಮೆ ನಿಂತಿತು, ನಿಂತೇ ಇತ್ತು, ಆಮೇಲೆ ಮೆಲ್ಲಗೆ ನೀರಿನ ಕಡೆ ತಿರುಗಿತು.

ನನಗೆ ತಡೆಯಲಾಗಲಿಲ್ಲ. “ಎಲ್ಲಿಗೆ ಹೊರಟೆ? ನಾಲಿಗೆ ಬಿದ್ದೋಗಿದ್ಯಾ ನಿಂಗೆ? ಆ ಮಗು ನಿಂಗೇನ್ ಮಾಡಿತ್ತು?” ಎಂದು ಎದ್ದು ನುಗ್ಗಿದೆ.

“ಗುಡುಮಕ್ಕ, ಅದು ತೂಮೆ ಕಣೇ, ಬೈಬಾರ್ದು” ಎಂದು ಹೂಂವಣ್ಣ ಕೈ ಹಿಡಿದ.

“ತೂಮೆ ಆದ್ರೇನು, ಅವ್ರಪ್ಪ ಆದ್ರೇನು” ಎಂದು ಕೊಸರಿಕೊಂಡ ರಭಸಕ್ಕೆ ಕಾಲು ಜಾರಿ ಕೆಸರಿನಲ್ಲಿ ದೊಪ್ಪನೆ ಕೂತೆ. ಸೊಂಟದವರೆಗೆ ಕೆಸರು.

ಹುಡುಗಿ ನನ್ನನ್ನು ನೋಡಿದಳು. ಕೆನ್ನೆ ಅದುರಿತು. ಉಂಡೆ ಬಾಯಿಂದ ಪುಸಕ್ಕನೆ ಹಾರಿಬಂದು ಹೂಂವಣ್ಣನ ಎದೆಗೆ ಬಿತ್ತು. ಅದರಲ್ಲಿ ಪುಟ್ಟ ಬಿಳಿ ಹಲ್ಲೊಂದು ಅಂಟಿಕೊಂಡಿತ್ತು. ನನ್ನ ಜೀವ ಹಾರಿಹೋಯಿತು. ಅವಳಿಗೆ ಅದರ ಪರಿವೆಯೇ ಇಲ್ಲ, ಹೊಟ್ಟೆ ಹಿಡಿದುಕೊಂಡು ಚಾಪೆಯ ಮೇಲೆ ಉರುಳಾಡಿ ನಗುತ್ತಿದ್ದಳು.

ನೀರಿನ ಅಂಚಿನಲ್ಲಿ ತೂಮೆ ನಿಂತಿತು. ಹಿಂದಕ್ಕೆ ಬಂತು. ಅವಳ ಮೇಲೆ ಬಾಗಿತು. ಹಸಿರಿದ್ದದ್ದು ಅರಿಸಿನ ಬಣ್ಣಕ್ಕೆ ತಿರುಗಿ, ಮೇಲಿಂದ ಕೆಳಗಿನವರೆಗೆ ಕುಲುಕುತ್ತ, “ಕಿಲಿಕಿಹ್ಹಿ” ಎಂದಿತು. ಸರೋವರದ ಆಚೆ ದಡಕ್ಕೂ ಕೇಳಿಸುವ ಹಾಗೆ.

“ಹಲ್ಲು ಮೊದ್ಲೇ ಬಿದ್ದಿತ್ತಲ್ಲ” ಎಂದು ಹಿಂದೆ ಯಾರೋ ಗೊಣಗಿದರು.

“ಅದು ಹೆಸರು ಕೊಟ್ಟಿದ್ದು ಮಗೂಗೋ, ಹಲ್ಲಿಗೋ?” ಎಂದು ಕೆಸರಲ್ಲಿ ಕೂತೇ ಕೇಳಿದೆ. ಆಗಲೇ ನನಗೆ ವಿಷಯ ಹೊಳೆದದ್ದು. ಬೇರೆ ಕೂಸುಗಳು ನಿದ್ದೆಯಲ್ಲಿ ಗೊರಕೆಯನ್ನೋ ಬಿಕ್ಕಳಿಕೆಯನ್ನೋ ಕೊಟ್ಟಿರುತ್ತವೆ, ತೂಮೆ ಅದನ್ನೇ ತಿರುಗಿಸಿ ಕೊಡುತ್ತದೆ. ಇವಳ ಬಾಯಿ ಮುಚ್ಚಿ ಮುಚ್ಚಿ ಇಟ್ಟವರು ನಾವು. ಹಾಗಾದರೆ ಕೂಸಾಗಿದ್ದಾಗ ನಾನು ಏನು ಮಾಡಿ ಗುಡುಮ್ ಎನಿಸಿಕೊಂಡೆನೋ, ಅದನ್ನು ಯಾರೂ ಕೇಳಬೇಡಿ.

ಹೂಂವಣ್ಣ ಹೆಸರು ಸಾರಲು ಗಂಟಲು ಸರಿಮಾಡಿಕೊಂಡ. “ಕಿಲಿ...” ಎನ್ನುವಷ್ಟರಲ್ಲಿ ಅವನ ಹೊಟ್ಟೆ ಕುಣಿಯಿತು. ಜನ ಕೂಗಲು ಹೋದರು, ಅರ್ಧಕ್ಕೇ ನಕ್ಕು ಬಿದ್ದರು. ನಗದೆ ಆ ಹೆಸರು ಬಾಯಿಂದ ಹೊರಡುವುದೇ ಇಲ್ಲ. ಝಿಲ್ಮೆ ನಗುತ್ತಿದ್ದಳೋ ಅಳುತ್ತಿದ್ದಳೋ ಗೊತ್ತಾಗಲಿಲ್ಲ. ಆ ಗಲಾಟೆಯಲ್ಲೇ ಹುಡುಗಿ ನಕ್ಕು ಸುಸ್ತಾಗಿ ಚಾಪೆಯ ಮೇಲೆ ನಿದ್ದೆಹೋದಳು.

ಮರುದಿನ ಬೆಳಿಗ್ಗೆ ಅವಳನ್ನು ನನ್ನ ದೋಣಿಗೆ ಹತ್ತಿಸಿಕೊಂಡೆ. ಹತ್ತಿದವಳೇ ಮುಂದಿನ ತುದಿಗೆ ಓಡಿ, ಮೀನು ಹಿಡಿಯುತ್ತೇನೆಂದು ನೀರಿನ ಮೇಲೆ ಪೂರ್ತಿ ಬಾಗಿದಳು. ಚೆನ್ನಾಗಿ ಉಗಿಯಬೇಕೆಂದು ಬಾಯಿ ತೆಗೆದೆ.

“ಕಿಲಿಕಿಹ್ಹಿ,” ಎಂದೆ, ನಕ್ಕೆ, ಹುಟ್ಟು ಕೈಯಿಂದ ಜಾರಿ ದೋಣಿಯೊಳಗೆ ಬಿತ್ತು.

ಅವಳು ತಟ್ಟನೆ ತಿರುಗಿ, “ಏನಜ್ಜಿ?” ಎಂದಳು.

ಹೆಸರು ಹಿಡಿದು ಕರೆದದ್ದಕ್ಕೆ ಅವಳು ತಿರುಗಿ ನೋಡಿದ್ದು ಅದೇ ಮೊದಲು. ಏನು ಬೈಯಬೇಕೆಂದಿದ್ದೆನೋ ನನಗೆ ನೆನಪೇ ಆಗಲಿಲ್ಲ.